ಕಾನೂನಿನ ಓದು ಬಿಟ್ಟು ಕಥೆಗೆ ಒಲಿದ ಚದುರಂಗ

ಕನ್ನಡದ ಹಿರಿಯ ಕಾದಂಬರಿಕಾರರ ಸಾಲಿನಲ್ಲಿ ಚದುರಂಗರ ಹೆಸರು ಚಿರಪರಿಚಿತ. ಡಾ. ರಾಜಕುಮಾರ್ ಮತ್ತು ಕಲ್ಪನಾ ಅಭಿನಯಿಸಿದ 'ಸರ್ವಮಂಗಳಾ', 'ಉಯ್ಯಾಲೆ' ಚಿತ್ರಗಳನ್ನು ಮೆಚ್ಚಿದ ಹಿರಿಯರು ನಮ್ಮ ಮನೆಗಳಲ್ಲಿ ಇಂದಿಗೂ ಇದ್ದಾರೆ. ಆದರೆ ಆ ಎರಡು ಚಿತ್ರಗಳ ಹಿಂದಿದ್ದ ಲೇಖಕರು ತಾರುಣ್ಯದಲ್ಲಿ ಕಾನೂನು ಓದಲೆಂದು ಪುಣೆಗೆ ಬಂದಿದ್ದರು, ಆ ಓದನ್ನು ಪೂರ್ಣಗೊಳಿಸದೆಯೇ ಊರಿಗೆ ಮರಳಿದರು ಎಂಬ ಸಂಗತಿ ಹಲವರಿಗೆ ತಿಳಿದಿರಲಾರದು. ಮಗರಪಟ್ಟಾದಲ್ಲಿ ಬದುಕು ಕಟ್ಟಿಕೊಂಡಿರುವ ಕನ್ನಡಿಗರಾದ ನಾವು ಆ ನಂಟನ್ನು ನೆನೆದು ಅವರ ಜೀವನವನ್ನು ಒಮ್ಮೆ ಅವಲೋಕಿಸುವುದು ಉಚಿತವೆಂದು ಭಾವಿಸುತ್ತೇವೆ.

ಇದಕ್ಕೆ ಇನ್ನೊಂದು ಕಾರಣವೂ ಉಂಟು. ನಮ್ಮಲ್ಲಿ ಬಹುತೇಕರು ಒಂದು ಪದವಿಯನ್ನು ನೆಚ್ಚಿಕೊಂಡು ಊರು ಬಿಟ್ಟು ಬಂದವರು. ಆ ಪದವಿಯೇ ನಮಗೆ ಮನೆ ಕೊಟ್ಟಿತು, ಮಕ್ಕಳಿಗೆ ಶಾಲೆ ಕೊಟ್ಟಿತು. ಹೀಗಿರುವಾಗ ಮನೆಯ ಮಗನೋ ಮಗಳೋ ಹಿಡಿದ ಓದನ್ನು ಬಿಟ್ಟು ಬರವಣಿಗೆಗೋ ಚಿತ್ರರಂಗಕ್ಕೋ ಹೋಗುತ್ತೇನೆಂದರೆ ನಮಗೆ ದಿಗಿಲಾಗುವುದು ಸಹಜ. ಚದುರಂಗರ ಬದುಕು ಆ ದಿಗಿಲನ್ನು ಹೋಗಲಾಡಿಸುತ್ತದೆ ಎಂದು ನಾವು ಹೇಳಲಾರೆವು. ಆದರೆ ಓದನ್ನು ಬಿಟ್ಟವರು ಆ ಓದು ಯಾತಕ್ಕಾಗಿ ಇದೆಯೋ ಅದನ್ನು ಬಿಡಬೇಕಾಗಿಲ್ಲ ಎಂಬುದನ್ನು ಅದು ತೋರಿಸುತ್ತದೆ.

ಚದುರಂಗರ ನಿಜವಾದ ಹೆಸರು ಎಂ. ಸುಬ್ರಹ್ಮಣ್ಯ ರಾಜೇ ಅರಸು. ಅವರು ಜನಿಸಿದ್ದು 1916ರ ಜನವರಿ 1ರಂದು, ಮೈಸೂರು ಜಿಲ್ಲೆಯ ಹುಣಸೂರು ತಾಲೂಕಿನ ಕಲ್ಲಹಳ್ಳಿಯಲ್ಲಿ. ಈ ಕಲ್ಲಹಳ್ಳಿ ಸಾಮಾನ್ಯ ಗ್ರಾಮವಲ್ಲ. ಹದಿನಾರನೆಯ ಶತಮಾನದಲ್ಲಿ ಇಲ್ಲಿ ಆಳಿದ ಮೂರನೆಯ ಮಂಗರಸನು 'ಜಯನೃಪಕಾವ್ಯ', 'ನೇಮಿಜಿನೇಶಸಂಗತಿ'ಯಂತಹ ಕಾವ್ಯಗಳನ್ನೂ, ಅಡುಗೆಯ ವಿಷಯವನ್ನು ಪದ್ಯದಲ್ಲಿ ಹೇಳುವ 'ಸೂಪಶಾಸ್ತ್ರ'ವನ್ನೂ ರಚಿಸಿದ ಕವಿ. ಮೈಸೂರು ಅರಮನೆಯೊಡನೆ ಬಂಧುತ್ವವುಳ್ಳ ಅರಸು ಮನೆತನದಲ್ಲಿ, ಇಂತಹ ಊರಿನಲ್ಲಿ ಹುಟ್ಟಿದ ಬಾಲಕನಿಗೆ ಕಾವ್ಯವೂ ದೊಡ್ಡಸ್ತಿಕೆಯೂ ಒಟ್ಟಿಗೇ ಬಳುವಳಿಯಾಗಿ ಬಂದವು. ಮುಂದೆ ಅವರು ಕಾವ್ಯದ ಬಳುವಳಿಯನ್ನು ಉಳಿಸಿಕೊಂಡು ದೊಡ್ಡಸ್ತಿಕೆಯನ್ನು ಪ್ರಶ್ನಿಸುತ್ತಾ ಹೋದರು.

ಬೆಂಗಳೂರಿನಲ್ಲಿ ಇಂಟರ್‌ಮೀಡಿಯೆಟ್, ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಬಿ.ಎ. ಮುಗಿಸಿದ ಬಳಿಕ ಅವರು ಕಾನೂನು ಪದವಿಯ ಜೊತೆಗೆ ಎಂ.ಎ. ಪದವಿಗೂ ಪುಣೆಯಲ್ಲಿ ಸೇರಿದರು. ಅಂದಿನ ದಿನಗಳಲ್ಲಿ ಧಾರವಾಡ, ಬೆಳಗಾವಿ ಸೀಮೆಯ ಯುವಕರು ಪುಣೆಗೆ ಬರುವುದು ವಾಡಿಕೆಯಾಗಿತ್ತು. ಆ ಪ್ರಾಂತ್ಯಗಳು ಮುಂಬಯಿ ಆಡಳಿತಕ್ಕೆ ಸೇರಿದ್ದವು. ಕನ್ನಡದ ಕುಲಪುರೋಹಿತರೆನಿಸಿದ ಆಲೂರು ವೆಂಕಟರಾಯರು ಓದಿದ್ದು ಇಲ್ಲಿಯ ಫರ್ಗ್ಯುಸನ್ ಕಾಲೇಜಿನಲ್ಲಿಯೇ. ಅವರೂ ಮುಂದೆ ವಕೀಲಿ ವೃತ್ತಿಯನ್ನು ತೊರೆದು ನಾಡಿನ ಏಕೀಕರಣಕ್ಕೆ ದುಡಿದವರು. ಮೈಸೂರು ಸಂಸ್ಥಾನದ ಯುವಕರಿಗಾದರೋ ಪುಣೆ ಪರಊರು, ಪರಭಾಷೆಯ ಊರು.

ಆ ಕಾಲದ ಪುಣೆಗೆ ಎರಡು ಮುಖಗಳಿದ್ದವು. ಒಂದೆಡೆ 1924ರಲ್ಲಿ ಆರಂಭವಾದ ಲಾ ಕಾಲೇಜಿನಿಂದ ಈ ನಗರ ಕಾನೂನು ವಿದ್ಯೆಗೆ ಹೆಸರು ಪಡೆದಿತ್ತು. ಗಾಂಧೀಜಿ, ನೆಹರೂ, ಅಂಬೇಡ್ಕರ್ ಎಲ್ಲರೂ ಕಾನೂನು ಓದಿದವರೇ ಆಗಿದ್ದುದರಿಂದ ಆ ವಿದ್ಯೆ ಸಂಪಾದನೆಯ ಹಾದಿಯಷ್ಟೇ ಅಲ್ಲದೆ ನಾಡಿನ ಸೇವೆಯ ಹಾದಿಯೂ ಆಗಿ ತೋರುತ್ತಿತ್ತು. ಇನ್ನೊಂದೆಡೆ ಕೊಲ್ಹಾಪುರದಿಂದ 1933ರಲ್ಲಿ ಇಲ್ಲಿಗೆ ಬಂದ ಪ್ರಭಾತ್ ಸಂಸ್ಥೆ ಚಿತ್ರಗಳನ್ನು ತಯಾರಿಸುತ್ತಿತ್ತು. 1936ರ 'ಸಂತ ತುಕಾರಾಮ' ವೆನಿಸ್ ಚಿತ್ರೋತ್ಸವದಲ್ಲಿ ಮನ್ನಣೆ ಪಡೆಯಿತು. ಮುದುಕನಿಗೆ ಕೊಟ್ಟು ಮದುವೆ ಮಾಡಿದ ತರುಣಿಯೊಬ್ಬಳು ಆ ಅನ್ಯಾಯಕ್ಕೆ ತಲೆಬಾಗದ ಕಥೆಯನ್ನು ವಿ. ಶಾಂತಾರಾಮರು 1937ರಲ್ಲಿ 'ಕುಂಕೂ' ಎಂಬ ಹೆಸರಿನಿಂದ ತೆರೆಗೆ ತಂದರು. ಹೆಣ್ಣಿನ ಪರವಾಗಿ ನ್ಯಾಯಾಲಯದಲ್ಲಿ ವಾದಿಸುವಂತೆ ತೆರೆಯ ಮೇಲೆಯೂ ವಾದಿಸಬಹುದೆಂದು ಈ ನಗರ ಅಂದೇ ತೋರಿಸಿಕೊಟ್ಟಿತ್ತು.

ಪುಣೆಯ ಎರಡೂ ಪದವಿಗಳನ್ನು ಅರ್ಧಕ್ಕೆ ನಿಲ್ಲಿಸಿ ಸುಬ್ರಹ್ಮಣ್ಯ ರಾಜೇ ಅರಸರು ಊರಿಗೆ ಹಿಂದಿರುಗಿದರು. ಕಪ್ಪು ಕೋಟು ತೊಡುವ ಅವಕಾಶ ಅಲ್ಲಿಗೆ ಮುಗಿಯಿತು. ಇಲ್ಲಿ ನಾವು ಒಂದು ಮಾತನ್ನು ಮುಚ್ಚಿಡದೆ ಹೇಳಬೇಕು. ಅವರ ಬೆನ್ನಿಗೆ ಜಮೀನು ಇತ್ತು, ಮನೆತನದ ಆಸರೆ ಇತ್ತು. ಸಂಬಳವನ್ನೇ ನಂಬಿದ ಕುಟುಂಬದ ಹುಡುಗನಿಗೆ ಇಂತಹ ನಿರ್ಧಾರ ಇಷ್ಟು ಸುಲಭವಾಗಿ ದಕ್ಕುವುದಿಲ್ಲ. ಆದರೆ ಅದೇ ಜಮೀನು, ಅದೇ ಮನೆತನ ಅವರನ್ನು ಹಾಯಾಗಿ ಕುಳ್ಳಿರಿಸಲೂಬಹುದಿತ್ತು. ಅವರು ಹಾಗೆ ಕುಳಿತುಕೊಳ್ಳಲಿಲ್ಲ ಎಂಬುದೇ ಮುಖ್ಯ.

ಅವರು ಬರೆಯಲು ತೊಡಗಿದ್ದು ಕನ್ನಡದಲ್ಲಿ ಪ್ರಗತಿಶೀಲ ಚಳುವಳಿ ಮೊಳೆತ ಕಾಲ. 1940ರ ದಶಕದಲ್ಲಿ ಅ.ನ.ಕೃ. ಅವರ ಮುಂದಾಳತ್ವದಲ್ಲಿ ತ.ರಾ.ಸು., ನಿರಂಜನ, ಬಸವರಾಜ ಕಟ್ಟೀಮನಿ ಮೊದಲಾದವರು ಸಾಹಿತ್ಯವು ಬಡವರ, ನೊಂದವರ ಬದುಕಿಗೆ ಕನ್ನಡಿಯಾಗಬೇಕೆಂದು ಪಣ ತೊಟ್ಟಿದ್ದರು. ಅರಸು ಮನೆತನದ ಈ ತರುಣ ಆ ಪಂಕ್ತಿಯಲ್ಲಿ ಸೇರಿಕೊಂಡರು. 'ಚದುರಂಗ' ಎಂಬ ಕಾವ್ಯನಾಮ ಧರಿಸಿ 'ಶವದ ಮನೆ'ಯಂತಹ ಸಣ್ಣಕಥೆಗಳನ್ನು ಬರೆದರು, ಮುಂದೆ 'ಕುಮಾರರಾಮ', 'ಇಲಿಬೋನು' ನಾಟಕಗಳನ್ನು ರಚಿಸಿದರು.

ಚಿತ್ರರಂಗಕ್ಕೆ ಅವರು ಕಾಲಿಟ್ಟದ್ದು ಲೇಖಕರಾಗಿಯೇ. 1948ರಲ್ಲಿ ತೆರೆಕಂಡ 'ಭಕ್ತ ರಾಮದಾಸ' ಚಿತ್ರಕ್ಕೆ ಅವರು ಚಿತ್ರಕಥೆ ಒದಗಿಸಿದರು. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' 1934ರಲ್ಲಿ ಬಂದು ಆಗಿನ್ನೂ ಹದಿನಾಲ್ಕು ವರ್ಷಗಳಷ್ಟೇ ಕಳೆದಿದ್ದವು. ವರ್ಷಕ್ಕೆ ಬೆರಳೆಣಿಕೆಯ ಕನ್ನಡ ಚಿತ್ರಗಳೂ ತಯಾರಾಗದಿದ್ದ ದಿನಗಳವು. ಚಿತ್ರಕಥೆ ಬರೆಯುವುದನ್ನು ಒಂದು ವೃತ್ತಿಯೆಂದು ಯಾರೂ ತಿಳಿದಿರಲಿಲ್ಲ. ಕಲಿಸುವ ಶಾಲೆಯೂ ಇರಲಿಲ್ಲ. ಪುಣೆಯ ಪ್ರಭಾತ್ ಅಂಗಳದಲ್ಲಿ ಇಂದಿನ ಚಲನಚಿತ್ರ ಶಿಕ್ಷಣ ಸಂಸ್ಥೆ ಆರಂಭವಾದದ್ದು 1960ರಲ್ಲಿ.

1950ರಲ್ಲಿ ಅವರ ಮೊದಲ ಕಾದಂಬರಿ 'ಸರ್ವಮಂಗಳಾ' ಪ್ರಕಟವಾಯಿತು. ಒಲಿದ ಮನಸ್ಸುಗಳನ್ನು ಹಿರಿಯರ ಹಟ ಹೇಗೆ ಬೇರೆ ಮಾಡುತ್ತದೆ, ಅದರ ಬೆಲೆಯನ್ನು ಹೆಣ್ಣು ಹೇಗೆ ತೆರುತ್ತಾಳೆ ಎಂಬುದು ಅದರ ಒಡಲು. ಆ ವರ್ಷವನ್ನು ನಾವು ಗಮನಿಸಬೇಕು. ಅದೇ 1950ರ ಜನವರಿ 26ರಂದು ನಮ್ಮ ಸಂವಿಧಾನ ಜಾರಿಗೆ ಬಂತು. ಅದರ 17ನೆಯ ವಿಧಿ ಅಸ್ಪೃಶ್ಯತೆಯನ್ನು ನಿಷೇಧಿಸಿತು. 1955ರ ಹಿಂದೂ ವಿವಾಹ ಕಾಯಿದೆ ಮದುವೆಯ ಬಂಧನದಿಂದ ಬಿಡುಗಡೆ ಕೇಳುವ ಹಕ್ಕನ್ನು ಹೆಣ್ಣಿಗೂ ನೀಡಿತು. ಚದುರಂಗರು ಪುಣೆಯಲ್ಲಿ ಕಾನೂನು ಓದು ಮುಗಿಸಿ ವಕೀಲರಾಗಿದ್ದರೆ ಈ ಕಾಯಿದೆಗಳನ್ನೇ ಹಿಡಿದು ವಾದಿಸುತ್ತಿದ್ದರು. ಆದರೆ ಕಾಯಿದೆ ಪುಸ್ತಕದಲ್ಲಿ ಬರೆದದ್ದು ಹಳ್ಳಿಯ ಜಗಲಿಯನ್ನು ತಲುಪುವುದಕ್ಕೆ ಎಷ್ಟು ಕಾಲ ಬೇಕೆಂಬುದನ್ನು ಕಲ್ಲಹಳ್ಳಿಯಲ್ಲಿ ಕಣ್ಣಾರೆ ಕಂಡವರು ಅವರು. ಆ ನಡುವಿನ ಅಂತರವೇ ಅವರ ಬರವಣಿಗೆಯ ಕ್ಷೇತ್ರವಾಯಿತು.

1960ರಲ್ಲಿ ಬಂದ 'ಉಯ್ಯಾಲೆ' ಇದಕ್ಕೆ ಒಳ್ಳೆಯ ನಿದರ್ಶನ. ಪುಸ್ತಕಗಳಲ್ಲಿಯೇ ಮುಳುಗಿಹೋದ ಗಂಡ; ಅವನ ಅಲಕ್ಷ್ಯದಿಂದ ಒಳಗೊಳಗೇ ಬಾಡುವ ಹೆಂಡತಿ; ಆ ಮನೆಗೆ ಬಂದು ಉಳಿಯುವ ಇನ್ನೊಬ್ಬ ಪುರುಷನ ಕಡೆಗೆ ತೂಗುವ ಅವಳ ಮನಸ್ಸು. ಇಲ್ಲಿ ಗಂಡ ದುಷ್ಟನಲ್ಲ, ಹೆಂಡತಿ ಕೆಟ್ಟವಳಲ್ಲ. ಯಾವ ನ್ಯಾಯಾಲಯದಲ್ಲಿಯೂ ಈ ಮೊಕದ್ದಮೆ ನಿಲ್ಲುವುದಿಲ್ಲ, ಏಕೆಂದರೆ ಆರೋಪ ಹೊರಿಸಲು ಅಪರಾಧವೇ ಇಲ್ಲ. ಆದರೂ ಒಂದು ಜೀವಕ್ಕೆ ಅನ್ಯಾಯವಾಗಿದೆ ಎಂದು ಓದುಗರಿಗೆ ಅನ್ನಿಸುತ್ತದೆ. ತೀರ್ಪು ಕೊಡದೆ ಎಲ್ಲರ ಕಡೆಯ ಮಾತನ್ನೂ ಕೇಳಿಸಿಕೊಳ್ಳುವ ಈ ಸಂಯಮ ಚದುರಂಗರ ದೊಡ್ಡ ಗುಣ.

1960ರ ದಶಕದಲ್ಲಿ ಕನ್ನಡ ಚಿತ್ರರಂಗ ಕಾದಂಬರಿಗಳತ್ತ ತಿರುಗಿತು. ಕೃಷ್ಣಮೂರ್ತಿ ಪುರಾಣಿಕ, ತ.ರಾ.ಸು., ಅ.ನ.ಕೃ., ತ್ರಿವೇಣಿ ಮೊದಲಾದವರ ಕೃತಿಗಳು ತೆರೆಗೆ ಬಂದವು. ಸಾಮಾನ್ಯವಾಗಿ ಲೇಖಕರು ಕಾದಂಬರಿಯನ್ನು ನಿರ್ದೇಶಕರ ಕೈಗಿತ್ತು ದೂರ ನಿಲ್ಲುತ್ತಿದ್ದರು. ಚದುರಂಗರು ಹಾಗೆ ಮಾಡದೆ ತಮ್ಮ 'ಸರ್ವಮಂಗಳಾ'ವನ್ನು ತಾವೇ ನಿರ್ದೇಶಿಸಿದರು. 1968ರಲ್ಲಿ ಅದು ಬಿಡುಗಡೆಯಾಯಿತು. ರಾಜಕುಮಾರ್, ಕಲ್ಪನಾ ಮುಖ್ಯ ಪಾತ್ರಗಳಲ್ಲಿದ್ದರು, ಸತ್ಯಂ ಸಂಗೀತ ನೀಡಿದರು. ಮರುವರ್ಷ, 1969ರಲ್ಲಿ, ಎನ್. ಲಕ್ಷ್ಮೀನಾರಾಯಣ್ ಅವರು 'ಉಯ್ಯಾಲೆ'ಯನ್ನು ಚಿತ್ರವಾಗಿಸಿದರು. ಅದರಲ್ಲಿಯೂ ಅದೇ ಜೋಡಿ. ಪುರಾಣದ ಪಾತ್ರಗಳಿಂದ ಸಾಮಾಜಿಕ ಬದುಕಿನ ಕಡೆಗೆ ಕನ್ನಡ ಚಿತ್ರ ಹೊರಳುತ್ತಿದ್ದ ಕಾಲದಲ್ಲಿ ಇವೆರಡೂ ಗಂಭೀರ ಪ್ರಯತ್ನಗಳು. ಮೊದಲ ಚಿತ್ರಕಥೆಯಿಂದ ಸ್ವಂತ ನಿರ್ದೇಶನದವರೆಗೆ ಇಪ್ಪತ್ತು ವರ್ಷಗಳು ಹಿಡಿದವು ಎಂಬುದನ್ನು ಮಾತ್ರ ಚಿತ್ರರಂಗದ ಕನಸು ಕಾಣುವ ತರುಣರು ನೆನಪಿನಲ್ಲಿಡಬೇಕು.

ಚದುರಂಗರ ಬದುಕನ್ನು ಕುರಿತು ಯೋಚಿಸುವಾಗ ಇನ್ನೊಂದು ಹೆಸರನ್ನು ಬಿಡುವಂತಿಲ್ಲ. ಅವರಿಗಿಂತ ಕೆಲವೇ ತಿಂಗಳು ಮೊದಲು, 1915ರ ಆಗಸ್ಟ್‌ನಲ್ಲಿ, ಅದೇ ಕಲ್ಲಹಳ್ಳಿಯಲ್ಲಿ ಜನಿಸಿದವರು ದೇವರಾಜ ಅರಸು. ಮುಖ್ಯಮಂತ್ರಿಯಾಗಿ ಅವರು 1974ರಲ್ಲಿ ಭೂಸುಧಾರಣಾ ಕಾಯಿದೆಗೆ ತಿದ್ದುಪಡಿ ತಂದು ಗೇಣಿದಾರರಿಗೆ ಭೂಮಿಯ ಒಡೆತನ ದೊರಕಿಸಿದರು. ಒಂದೇ ಊರಿನ, ಒಂದೇ ಪೀಳಿಗೆಯ ಇಬ್ಬರು ಅರಸರಲ್ಲಿ ಒಬ್ಬರು ಕಾಯಿದೆಯ ದಾರಿ ಹಿಡಿದರು, ಇನ್ನೊಬ್ಬರು ಕಥೆಯ ದಾರಿ ಹಿಡಿದರು. ಊರ ಕಡೆಯ ಕೇರಿಯ ಜನರ ಬಾಳು ಹಸನಾಗಬೇಕೆಂಬ ಹಂಬಲ ಇಬ್ಬರಿಗೂ ಸಮಾನವಾಗಿತ್ತು.

ಆ ಹಂಬಲದ ಪಕ್ವ ಫಲವೇ 1981ರಲ್ಲಿ ಪ್ರಕಟವಾದ 'ವೈಶಾಖ'. ಮೈಸೂರು ಸೀಮೆಯ ಹಳ್ಳಿಯೊಂದರ ದಲಿತ ಕೇರಿ, ಅಲ್ಲಿಯ ದುಡಿಮೆ, ಹಸಿವು, ಹಬ್ಬ, ಮೇಲುಜಾತಿಯ ವಿಧವೆಯ ಒಳಗುದಿ, ಇವೆಲ್ಲವೂ ಅಲ್ಲಿನ ಆಡುನುಡಿಯಲ್ಲಿಯೇ ಆ ಕಾದಂಬರಿಯಲ್ಲಿ ಮೈದಾಳಿವೆ. ಅರಸು ಮನೆತನದವರೊಬ್ಬರು ಆ ಕೇರಿಯ ಭಾಷೆಯನ್ನು ಅಷ್ಟು ಗೌರವದಿಂದ ಆಲಿಸಿ ಬರೆದದ್ದು ಸಣ್ಣ ಸಂಗತಿಯಲ್ಲ. 1982ರಲ್ಲಿ ಈ ಕೃತಿಗೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ದೊರೆಯಿತು. 1994ರಲ್ಲಿ ಮಂಡ್ಯದಲ್ಲಿ ಜರುಗಿದ 63ನೆಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ನಾಡು ಅವರನ್ನು ಅಧ್ಯಕ್ಷರನ್ನಾಗಿ ಆರಿಸಿ ಗೌರವಿಸಿತು. 'ಹೆಜ್ಜಾಲ' ಅವರ ಕೊನೆಯ ಕಾದಂಬರಿ. 1998ರ ಅಕ್ಟೋಬರ್ 19ರಂದು, ತಮ್ಮ 82ನೆಯ ವಯಸ್ಸಿನಲ್ಲಿ ಅವರು ನಿಧನರಾದರು. ಅರ್ಧ ಶತಮಾನದಲ್ಲಿ ಅವರು ಬರೆದ ಕಾದಂಬರಿಗಳು ನಾಲ್ಕೇ. ಅವಸರವೆಂಬುದು ಅವರ ಹತ್ತಿರ ಸುಳಿಯಲಿಲ್ಲ.

ಕಾನೂನಿನಿಂದ ಕಥೆಯ ಕಡೆಗೆ ಸಾಗಿದವರು ಕನ್ನಡದಲ್ಲಿ ಅವರ ಬಳಿಕವೂ ಇದ್ದಾರೆ. 1990ರ ದಶಕದ ಕೊನೆಯಲ್ಲಿ 'ಮಾಯಾಮೃಗ' ಧಾರಾವಾಹಿಯಿಂದ ಮನೆಮಾತಾದ ಟಿ. ಎನ್. ಸೀತಾರಾಮ್ ಅವರು ವಕೀಲರಾಗಿ ಕೆಲಸ ಮಾಡಿ, ನಾಟಕ, ಚಿತ್ರಗಳ ಮೂಲಕ ಕಿರುತೆರೆಗೆ ಬಂದವರು. 'ಮುಕ್ತ'ದ ನ್ಯಾಯಾಲಯದ ದೃಶ್ಯಗಳನ್ನು ನಮ್ಮ ಮನೆಗಳಲ್ಲಿ ಊಟ ಮುಂದೂಡಿ ನೋಡಿದ ದಿನಗಳನ್ನು ಯಾರು ಮರೆತಾರು? ಬಿಟ್ಟುಬಂದ ವೃತ್ತಿಯ ಅನುಭವವೇ ಅಲ್ಲಿ ಕಥೆಗೆ ಕಸುವು ತುಂಬಿತು. ಸೀತಾರಾಮ್ ಅವರು ವೃತ್ತಿ ಮಾಡಿ ಬಿಟ್ಟವರು, ಚದುರಂಗರು ವೃತ್ತಿಯ ಹೊಸ್ತಿಲಿನಿಂದಲೇ ಹಿಂದಿರುಗಿದವರು.

ನಾವು ನೆಲೆಸಿರುವ ಮಗರಪಟ್ಟಾ ನಗರಿಯೂ ಸುಮಾರು 400 ಎಕರೆ ಹೊಲಗಳ ಮೇಲೆ ಎದ್ದದ್ದು. ನೂರಕ್ಕೂ ಹೆಚ್ಚು ರೈತ ಕುಟುಂಬಗಳು ತಮ್ಮ ಭೂಮಿಯನ್ನು ಮಾರಿ ಹೋಗದೆ ಒಟ್ಟುಗೂಡಿಸಿ, ಪಾಲುದಾರರಾಗಿ ಉಳಿದು ಇದನ್ನು ಕಟ್ಟಿದವು. ಬೇಸಾಯ ಬಿಟ್ಟರೂ ನೆಲದ ನಂಟು ಬಿಡದ ಅವರ ವಿವೇಕವನ್ನು ನಾವು ದಿನವೂ ಅನುಭವಿಸುತ್ತಿದ್ದೇವೆ. ಕೆಲಸ ಬದಲಾದರೂ ಅದರ ಮೂಲದ ಋಣ ಉಳಿಯುತ್ತದೆ ಎಂಬುದನ್ನು ಅರಿಯಲು ನಾವು ಬಹುದೂರ ಹೋಗಬೇಕಾಗಿಲ್ಲ.

ಆದ್ದರಿಂದ ಮನೆಯ ಮಕ್ಕಳು ಹಿಡಿದ ಓದನ್ನು ಬಿಡುವ ಮಾತೆತ್ತಿದಾಗ, ಬಿಡುವುದು ಬೇಡವೆಂದು ಗದರಿಸುವ ಮೊದಲು, ಬಿಟ್ಟು ಯಾರ ಪರವಾಗಿ ಏನು ಹೇಳಲು ಹೊರಟಿದ್ದಾರೆಂದು ಅವರನ್ನು ಕೇಳೋಣ. ಎಷ್ಟು ವರ್ಷ ಕಾಯಬಲ್ಲರು, ಅಲ್ಲಿಯವರೆಗೆ ಜೀವನ ಹೇಗೆ ನಡೆದೀತು ಎಂದೂ ಕೇಳೋಣ. ಬಿಡುವಿನ ಒಂದು ಭಾನುವಾರ 'ಉಯ್ಯಾಲೆ' ಚಿತ್ರವನ್ನು ಮನೆಮಂದಿಯೆಲ್ಲ ಕೂಡಿ ನೋಡೋಣ. 'ವೈಶಾಖ'ದ ಹಳ್ಳಿಯ ಮಾತನ್ನು ಇಲ್ಲಿ ಹುಟ್ಟಿ ಬೆಳೆದ ಮಕ್ಕಳಿಗೆ ಗಟ್ಟಿಯಾಗಿ ಓದಿ ಹೇಳೋಣ. ಪುಣೆಯಿಂದ ಪದವಿಯಿಲ್ಲದೆ ಮರಳಿದ ಆ ಹಿರಿಯ ಲೇಖಕರಿಗೆ ಪುಣೆಯ ಕನ್ನಡಿಗರಾದ ನಾವು ಸಲ್ಲಿಸಬಹುದಾದ ನಮನ ಇದೇ ಆಗಿದೆ.