ಚದುರಂಗದ ಪ್ರಥಮ ಮಹಿಳಾ ವಿಶ್ವವಿಜೇತೆ ವೆರಾ ಮೆನ್ಚಿಕ್

ಗೆಲುವು ನಿಶ್ಚಿತವಾದ ಕಣದಲ್ಲಿ ಆಡಿ ಕೀರ್ತಿ ಗಳಿಸುವವರು ಹಲವರು. ಸೋಲೇ ಹೆಚ್ಚಾಗಿ ಎದುರಾಗುವ ಕಣಕ್ಕೆ ತಾವಾಗಿಯೇ ಇಳಿದು, ಅಲ್ಲಿ ನಿಂತು ಕಲಿಯುವವರು ವಿರಳ. ವೆರಾ ಮೆನ್ಚಿಕ್ ಅವರು ಈ ಎರಡನೆಯ ಪಂಕ್ತಿಗೆ ಸೇರಿದವರು.

ವೆರಾ ಅವರು 1906ರ ಫೆಬ್ರವರಿ 16ರಂದು ಮಾಸ್ಕೋ ನಗರದಲ್ಲಿ ಜನಿಸಿದರು. ತಂದೆ ಚೆಕ್ ಮೂಲದವರು, ತಾಯಿ ಇಂಗ್ಲೆಂಡಿನವರು. ಒಂಬತ್ತನೆಯ ವಯಸ್ಸಿನಲ್ಲಿ ತಂದೆ ತಂದುಕೊಟ್ಟ ಚದುರಂಗದ ಮಣೆಯೇ ಅವರ ಸಾಧನೆಗೆ ನಾಂದಿಯಾಯಿತು. ರಷ್ಯದ ಕ್ರಾಂತಿಯಲ್ಲಿ ಕುಟುಂಬವು ಆಸ್ತಿಯನ್ನು ಕಳೆದುಕೊಂಡಿತು. 1921ರಲ್ಲಿ ವೆರಾ ಅವರು ಇಂಗ್ಲೆಂಡಿನ ಹೇಸ್ಟಿಂಗ್ಸ್ ಪಟ್ಟಣಕ್ಕೆ ಬಂದರು. ಇಂಗ್ಲಿಷ್ ಭಾಷೆ ಇನ್ನೂ ಕೈವಶವಾಗದ ಆ ತರುಣಿಗೆ ಮಾತಿನ ಹಂಗಿಲ್ಲದ ಚದುರಂಗವು ಆಪ್ತವಾದುದು ಸಹಜವೇ. 1923ರಲ್ಲಿ ಅಲ್ಲಿನ ಚದುರಂಗ ಸಂಘವನ್ನು ಸೇರಿ, ಹಂಗೆರಿಯ ಪ್ರಖ್ಯಾತ ಆಟಗಾರ ಗೇಜಾ ಮಾರೋಟ್ಸಿ ಅವರ ಶಿಷ್ಯತ್ವವನ್ನು ಪಡೆದರು.

1927ರಲ್ಲಿ ಲಂಡನ್ನಿನಲ್ಲಿ ಮಹಿಳೆಯರ ವಿಶ್ವ ಚದುರಂಗ ಸ್ಪರ್ಧೆಯು ಮೊದಲ ಬಾರಿಗೆ ನಡೆದಾಗ, ಹನ್ನೊಂದು ಆಟಗಳಲ್ಲಿ ಹತ್ತೂವರೆ ಅಂಕ ಗಳಿಸಿ ವೆರಾ ಅವರು ವಿಜೇತೆಯಾದರು. ಹ್ಯಾಂಬರ್ಗ್, ಪ್ರಾಗ್, ಫೋಕ್‌ಸ್ಟನ್, ವಾರ್ಸಾ, ಸ್ಟಾಕ್‌ಹೋಮ್ ನಗರಗಳ ಸ್ಪರ್ಧೆಗಳನ್ನೂ, 1939ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಜರುಗಿದ ಸ್ಪರ್ಧೆಯನ್ನೂ ಗೆದ್ದರು. ಈ ಏಳು ಸ್ಪರ್ಧೆಗಳ 83 ಆಟಗಳಲ್ಲಿ 78 ಗೆಲುವು, 4 ಸಮ. ಸೋತದ್ದು ಒಂದೇ ಒಂದು.

ಇಷ್ಟಕ್ಕೇ ತೃಪ್ತರಾಗಿದ್ದರೆ ಅವರಿಗೆ ಸೋಲಿನ ಪರಿಚಯವೇ ಆಗುತ್ತಿರಲಿಲ್ಲ. ಆದರೆ ಅವರು ಪುರುಷ ದಿಗ್ಗಜರ ನಡುವೆ ಕುಳಿತು ಆಡುವ ಕಠಿಣ ಮಾರ್ಗವನ್ನು ಆಯ್ದುಕೊಂಡರು. 1929ರ ರಾಮ್ಸ್‌ಗೇಟ್ ಸ್ಪರ್ಧೆಯಲ್ಲಿ ಕಪಾಬ್ಲಾಂಕಾ ಅವರಿಗಿಂತ ಅರ್ಧ ಅಂಕ ಮಾತ್ರ ಹಿಂದುಳಿದು, ರೂಬಿನ್‌ಸ್ಟೈನ್ ಅವರಿಗೆ ಸರಿಸಮನಾಗಿ ನಿಂತರು. ಅದೇ ವರ್ಷ ಕಾರ್ಲ್ಸ್‌ಬಾದ್‌ನಲ್ಲಿ 22 ಆಟಗಾರರ ಪೈಕಿ ಕಟ್ಟಕಡೆಯ ಸ್ಥಾನ ಅವರದಾಯಿತು. ಅವರಿಗೆ ಸೋತವರನ್ನೆಲ್ಲ ಒಂದು ಸಂಘಕ್ಕೆ ಸೇರಿಸಬೇಕೆಂದು ಆಲ್ಬರ್ಟ್ ಬೆಕರ್ ಎಂಬ ಆಟಗಾರ ಅಲ್ಲಿ ಪರಿಹಾಸ್ಯ ಮಾಡಿದರು. ಆ ಸಂಘದ ಮೊದಲ ಸದಸ್ಯತ್ವವು ಅವರಿಗೇ ಒದಗಿತು! 1935ರಲ್ಲಿ ವಿಶ್ವವಿಜೇತರಾದ ಮ್ಯಾಕ್ಸ್ ಯೂವೆ ಅವರೂ, ಅವಿಭಕ್ತ ಪಂಜಾಬಿನ ಮೀರ್ ಸುಲ್ತಾನ್ ಖಾನ್ ಅವರೂ ಕಾಲಕ್ರಮದಲ್ಲಿ ವೆರಾ ಅವರಿಗೆ ಸೋತವರೇ.

1937ರಲ್ಲಿ ಚದುರಂಗ ಸಂಘಟಕ ಸ್ಟೀವನ್‌ಸನ್ ಅವರನ್ನು ವರಿಸಿದರು. ಯುದ್ಧವು ಅವರ ಬಾಳಿಗೆ ಕರಾಳ ಛಾಯೆಯನ್ನು ಬೀರಿತು. ಅವರು ನಿರ್ವಹಿಸುತ್ತಿದ್ದ ಲಂಡನ್ನಿನ ರಾಷ್ಟ್ರೀಯ ಚದುರಂಗ ಕೇಂದ್ರವು 1940ರ ಬಾಂಬ್ ದಾಳಿಯಲ್ಲಿ ನಾಶವಾಯಿತು, 1943ರಲ್ಲಿ ಪತಿವಿಯೋಗವಾಯಿತು. 1944ರ ಜೂನ್ ತಿಂಗಳಲ್ಲಿ ಲಂಡನ್ನಿನ ಕ್ಲಾಪಮ್ ಬಡಾವಣೆಯ ಅವರ ಮನೆಗೆ ಜರ್ಮನರ ಹಾರುವ ಬಾಂಬು ಅಪ್ಪಳಿಸಿ, ತಾಯಿ ಹಾಗೂ ತಂಗಿ ಓಲ್ಗಾ ಅವರೊಡನೆ ವೆರಾ ಅವರೂ ಅಸುನೀಗಿದರು. ಆಗ ಅವರಿಗೆ 38 ವರ್ಷ. ವಿಶ್ವವಿಜೇತೆಯ ಪದವಿ ಇನ್ನೂ ಅವರಲ್ಲಿಯೇ ಇತ್ತು.

1957ರಲ್ಲಿ ಆರಂಭವಾದ ಮಹಿಳಾ ಚದುರಂಗ ಒಲಿಂಪಿಯಾಡಿನ ವಿಜೇತ ತಂಡಕ್ಕೆ ಸಲ್ಲುವ ಪಾರಿತೋಷಕವು ಅವರ ಹೆಸರನ್ನು ಹೊತ್ತಿದೆ. ವಿದ್ಯಾರ್ಥಿಗಳಿಗೆ ಅವರ ಏಳು ವಿಜಯಗಳನ್ನು ಹೇಳುವಾಗ ಕಾರ್ಲ್ಸ್‌ಬಾದ್‌ನ ಕೊನೆಯ ಸ್ಥಾನವನ್ನೂ ಮರೆಯದೆ ಹೇಳಬೇಕು. ಆ ಸೋಲುಗಳನ್ನು ಉಂಡೂ ಮಣೆಯ ಮುಂದಿನಿಂದ ಏಳದೆ ಇದ್ದುದರಿಂದಲೇ, ಮುಂದಿನ ತಲೆಮಾರಿನ ಹೆಣ್ಣುಮಕ್ಕಳಿಗೆ ಆ ಪೀಠದಲ್ಲಿ ಕೂರುವ ದಾರಿ ತೆರೆಯಿತು.