ಲೆಕ್ಕದ ಪುಸ್ತಕ ಹಿಡಿದು ಹಳ್ಳಿಗೆ ನಡೆದವರು: ಜೆ. ಸಿ. ಕುಮಾರಪ್ಪ

ಸ್ವಾತಂತ್ರ್ಯ ಹೋರಾಟ ಎಂದೊಡನೆ ನಮಗೆ ಉಪ್ಪಿನ ಸತ್ಯಾಗ್ರಹ, ಲಾಠಿ ಏಟು, ಸೆರೆಮನೆ ನೆನಪಾಗುತ್ತವೆ. ಜಮಾ-ಖರ್ಚಿನ ಪುಸ್ತಕವನ್ನೇ ಆಯುಧ ಮಾಡಿಕೊಂಡು ಹೋರಾಡಿದವರೂ ಒಬ್ಬರಿದ್ದರು. ಅವರೇ ಜೆ. ಸಿ. ಕುಮಾರಪ್ಪ. ವಾಣಿಜ್ಯ ವಿಭಾಗದಲ್ಲಿ ಓದಿ ಮುಂದೆ ಲೆಕ್ಕಪರಿಶೋಧಕರಾಗಬೇಕೆಂದು ಕನಸು ಕಾಣುತ್ತಿರುವ ನಮ್ಮ ಸಹಪಾಠಿಗಳು ಇವರ ಬದುಕನ್ನು ಅಗತ್ಯವಾಗಿ ತಿಳಿಯಬೇಕು.

ಕುಮಾರಪ್ಪ ಹುಟ್ಟಿದ್ದು 1892ರ ಜನವರಿ 4ರಂದು, ತಂಜಾವೂರಿನ ಒಂದು ಕ್ರೈಸ್ತ ಕುಟುಂಬದಲ್ಲಿ. ಮನೆಯವರು ಇಟ್ಟ ಹೆಸರು ಜೋಸೆಫ್ ಚೆಲ್ಲದುರೈ ಕಾರ್ನೀಲಿಯಸ್. ತಂದೆ ಸರ್ಕಾರದ ಲೋಕೋಪಯೋಗಿ ಇಲಾಖೆಯ ನೌಕರರು. ಲೆಕ್ಕಪರಿಶೋಧನೆ ಕಲಿಯಲು ಲಂಡನ್ನಿಗೆ ಹೋದ ಯುವಕ ಅಲ್ಲಿಯೇ ಕೆಲಸಕ್ಕೂ ಸೇರಿದರು. ತಾಯಿ ಒತ್ತಾಯಿಸಿದ್ದರಿಂದ ಭಾರತಕ್ಕೆ ಮರಳಿ, ಮುಂಬಯಿಯಲ್ಲಿ ಸ್ವಂತ ಆಡಿಟ್ ಸಂಸ್ಥೆ ಕಟ್ಟಿದರು. ಒಳ್ಳೆಯ ಸಂಪಾದನೆ, ಇಂಗ್ಲಿಷ್ ಉಡುಪು, ದೊಡ್ಡವರ ಸಹವಾಸ. ಬದುಕು ಹೀಗೆಯೇ ಸಾಗಿದ್ದರೆ ಅವರ ಹೆಸರು ನಮಗೆ ಗೊತ್ತಾಗುತ್ತಿರಲಿಲ್ಲ.

1927ರಲ್ಲಿ ಅವರು ಅಮೆರಿಕಕ್ಕೆ ಹೋಗಿ ಮೊದಲು ಸಿರಾಕ್ಯೂಸ್ ವಿಶ್ವವಿದ್ಯಾಲಯದಲ್ಲಿ, ನಂತರ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಓದಿದರು. ಭಾರತ ಏಕೆ ಬಡವಾಗಿದೆ ಎಂಬ ವಿಷಯದ ಮೇಲೆ ಅಲ್ಲಿ ಅವರು ಮಾಡಿದ ಒಂದು ಭಾಷಣದ ಸುದ್ದಿ ಪತ್ರಿಕೆಯಲ್ಲಿ ಬಂತು. ಅದನ್ನು ಕಂಡ ಪ್ರಾಧ್ಯಾಪಕ ಸೆಲಿಗ್ಮನ್, ಅದೇ ವಿಷಯವನ್ನು ಆಳವಾಗಿ ಅಧ್ಯಯನ ಮಾಡಲು ಸೂಚಿಸಿದರು. ಕುಮಾರಪ್ಪ ಬ್ರಿಟಿಷ್ ಸರ್ಕಾರದ ಲೆಕ್ಕಪತ್ರಗಳನ್ನು ತೆರೆದು ಕುಳಿತರು. ರೈತನಿಂದ ವಸೂಲಾದ ತೆರಿಗೆ ಅವನ ಊರಿನ ಶಾಲೆಗಾಗಲಿ ಬಾವಿಗಾಗಲಿ ಬರುತ್ತಿರಲಿಲ್ಲ. ಸೈನ್ಯಕ್ಕೆ, ಸಾಲದ ಬಡ್ಡಿಗೆ, ಆಂಗ್ಲ ಅಧಿಕಾರಿಗಳ ಸಂಬಳಕ್ಕೆ ಅದರ ದೊಡ್ಡ ಪಾಲು ಹೋಗುತ್ತಿತ್ತು. ಬಡತನ ನಮ್ಮ ಹಣೆಬರಹವಲ್ಲ, ಸರ್ಕಾರ ನಡೆಸುವ ರೀತಿಯ ಫಲ ಎಂಬುದು ಅವರಿಗೆ ಅಂಕಿಗಳಲ್ಲೇ ಕಂಡಿತು. ಅಷ್ಟು ದಿನ ಯಾರ ಹಿತಕ್ಕಾಗಿ ತಾನು ಲೆಕ್ಕ ಬರೆಯುತ್ತಿದ್ದೆ ಎಂಬ ಪ್ರಶ್ನೆ ಅವರನ್ನು ಬಿಡಲಿಲ್ಲ.

1929ರಲ್ಲಿ ಊರಿಗೆ ಮರಳಿದಾಗ ಅವರು ಕಾರ್ನೀಲಿಯಸ್ ಎಂಬ ಹೆಸರನ್ನು ಬಿಟ್ಟು, ವಂಶದ ಹಳೆಯ ಹೆಸರಾದ ಕುಮಾರಪ್ಪವನ್ನು ಇಟ್ಟುಕೊಂಡರು. ಧರ್ಮವನ್ನು ಬಿಡಲಿಲ್ಲ. ಕೊನೆಯವರೆಗೂ ಶ್ರದ್ಧೆಯ ಕ್ರೈಸ್ತರಾಗಿಯೇ ಉಳಿದರು. ತಮ್ಮ ಪ್ರಬಂಧವನ್ನು ಗಾಂಧೀಜಿಗೆ ತೋರಿಸಲು ಆ ವರ್ಷದ ಮೇ ತಿಂಗಳಲ್ಲಿ ಸಾಬರಮತಿಗೆ ಹೋದರು. ಮರದ ಕೆಳಗೆ ಸಗಣಿ ಸಾರಿಸಿದ ನೆಲದ ಮೇಲೆ ಒಬ್ಬ ಮುದುಕರು ಕುಳಿತು ನೂಲು ತೆಗೆಯುತ್ತಿದ್ದರು. ಸೂಟು ಧರಿಸಿದ್ದ ಕುಮಾರಪ್ಪ ಸ್ವಲ್ಪ ಹೊತ್ತು ನಿಂತು ನೋಡಿದರು. ಆ ಮುದುಕರೇ ಗಾಂಧೀಜಿ ಎಂದು ತಿಳಿದಾಗ, ಇಸ್ತ್ರಿ ಮಾಡಿದ ಬಟ್ಟೆಯನ್ನು ಲೆಕ್ಕಿಸದೆ ಅದೇ ನೆಲದ ಮೇಲೆ ಕುಳಿತುಬಿಟ್ಟರು. ಆ ಪ್ರಬಂಧ ಗಾಂಧೀಜಿಯವರ ‘ಯಂಗ್ ಇಂಡಿಯಾ’ ಪತ್ರಿಕೆಯಲ್ಲಿ ಕಂತುಗಳಾಗಿ ಪ್ರಕಟವಾಯಿತು.

ಗಾಂಧೀಜಿ ಅವರಿಗೆ ಮೊದಲು ವಹಿಸಿದ ಕೆಲಸ ಗುಜರಾತಿನ ಖೇಡಾ ಜಿಲ್ಲೆಯ ಮಾತರ್ ತಾಲ್ಲೂಕಿನ ಸಮೀಕ್ಷೆ. ಕುಮಾರಪ್ಪನವರಿಗೆ ಗುಜರಾತಿ ಬರುತ್ತಿರಲಿಲ್ಲ. ಗುಜರಾತ್ ವಿದ್ಯಾಪೀಠದ ವಿದ್ಯಾರ್ಥಿಗಳನ್ನು ಜೊತೆಗೆ ಕರೆದುಕೊಂಡು ಹಳ್ಳಿಹಳ್ಳಿ ಸುತ್ತಿದರು. ಮನೆಯಲ್ಲಿ ಎಷ್ಟು ಜನ, ಎಷ್ಟು ಭೂಮಿ, ಬೆಳೆ ಎಷ್ಟು, ಸಾಲ ಎಷ್ಟು ಎಂದು ಕೇಳಿ ಬರೆದುಕೊಂಡರು. ನಮ್ಮಂತಹ ವಿದ್ಯಾರ್ಥಿಗಳೇ ನಡೆಸಿದ ಆ ಸಮೀಕ್ಷೆ 1931ರಲ್ಲಿ ಪುಸ್ತಕವಾಗಿ ಬಂತು. ಈ ನಡುವೆ ‘ಯಂಗ್ ಇಂಡಿಯಾ’ದ ಬರಹಗಳಿಗಾಗಿ ಅವರು ಜೈಲಿಗೂ ಹೋದರು.

1934ರಲ್ಲಿ ಬಿಹಾರದಲ್ಲಿ ಭೀಕರ ಭೂಕಂಪವಾಯಿತು. ರಾಜೇಂದ್ರ ಪ್ರಸಾದರ ನೇತೃತ್ವದ ಪರಿಹಾರ ನಿಧಿಯ ಲೆಕ್ಕ ಕುಮಾರಪ್ಪನವರ ಕೈಗೆ ಬಂತು. ಕಾರ್ಯಕರ್ತರ ದಿನದ ಊಟದ ಖರ್ಚಿಗೆ ಅವರು ಬಿಗಿಯಾದ ಮಿತಿ ಹಾಕಿದ್ದರು. ಗಾಂಧೀಜಿಯ ಪರಿವಾರ ಅಲ್ಲಿಗೆ ಬಂದಾಗ, ಅವರ ಹಾಲು-ಹಣ್ಣಿನ ಖರ್ಚನ್ನು ನಿಧಿಯಿಂದ ಕೊಡಲಾಗದು ಎಂದುಬಿಟ್ಟರು. ಸಂತ್ರಸ್ತರಿಗೆಂದು ಜನ ಕೊಟ್ಟ ದುಡ್ಡು ಸಂತ್ರಸ್ತರಿಗೇ ಸಲ್ಲಬೇಕು. ಗುರುವಾದರೂ ನಿಯಮ ಒಂದೇ. ಗಾಂಧೀಜಿ ಬೇಸರಪಡಲಿಲ್ಲ, ಇಂತಹವರೇ ಬೇಕೆಂದು ಸಂತೋಷಪಟ್ಟರು.

ಅದೇ ವರ್ಷದ ಡಿಸೆಂಬರಿನಲ್ಲಿ ಅಖಿಲ ಭಾರತ ಗ್ರಾಮೋದ್ಯೋಗ ಸಂಘ ಸ್ಥಾಪನೆಯಾಯಿತು. ಅದನ್ನು ನಡೆಸುವ ಹೊಣೆ ಕುಮಾರಪ್ಪನವರದು. ವಾರ್ಧಾದ ಮಗನವಾಡಿ ಅದರ ಕೇಂದ್ರ. ಎಣ್ಣೆ ಗಾಣ, ಕೈಕಾಗದ, ಬೆಲ್ಲ, ಜೇನು ಸಾಕಣೆ, ಸಾಬೂನು, ಚರ್ಮ ಹದ ಮಾಡುವುದು ಹೀಗೆ ಒಂದೊಂದು ಕಸುಬನ್ನೂ ಅಲ್ಲಿ ಪರೀಕ್ಷೆಗೆ ಒಡ್ಡಿ, ಉಪಕರಣಗಳನ್ನು ಸುಧಾರಿಸಿ, ಜನರಿಗೆ ಕಲಿಸಿದರು. ಸೀಮೆಎಣ್ಣೆಯ ಬದಲು ಊರಿನ ಗಾಣದ ಎಣ್ಣೆಯಲ್ಲೇ ಉರಿಯುವ ‘ಮಗನ್ ದೀಪ’ ಅಲ್ಲಿಯೇ ರೂಪುಗೊಂಡಿತು.

ಅವರ ವಿಚಾರವನ್ನು ಅಕ್ಕಿಯ ಉದಾಹರಣೆಯಿಂದ ಸುಲಭವಾಗಿ ಅರ್ಥಮಾಡಿಕೊಳ್ಳಬಹುದು. ಗಿರಣಿಯಲ್ಲಿ ಪಾಲಿಶ್ ಮಾಡಿದ ಅಕ್ಕಿ ಬೆಳ್ಳಗೆ ಹೊಳೆಯುತ್ತದೆ, ಆದರೆ ತೌಡಿನೊಂದಿಗೆ ಪೌಷ್ಟಿಕಾಂಶವೂ ಹೋಗುತ್ತದೆ. ಭತ್ತ ಕುಟ್ಟುವ ಹೆಂಗಸಿನ ಕೂಲಿಯೂ ಹೋಗುತ್ತದೆ. ಗಿರಣಿಯ ಲೆಕ್ಕದಲ್ಲಿ ಲಾಭ ಕಾಣುತ್ತದೆ, ಈ ನಷ್ಟ ಯಾವ ಪುಸ್ತಕದಲ್ಲೂ ಕಾಣುವುದಿಲ್ಲ. ಕಾಣದ ಆ ನಷ್ಟವನ್ನು ಬರೆದು ತೋರಿಸುವುದೇ ಅರ್ಥಶಾಸ್ತ್ರಜ್ಞನ ಕೆಲಸ ಎಂಬುದು ಅವರ ನಂಬಿಕೆ.

‘ಕ್ವಿಟ್ ಇಂಡಿಯಾ’ ಕಾಲದಲ್ಲಿ ಮತ್ತೆ ಸೆರೆಯಾದ ಅವರು ಜಬಲ್ಪುರ ಜೈಲಿನಲ್ಲಿ ‘ಎಕಾನಮಿ ಆಫ್ ಪರ್ಮನೆನ್ಸ್’ ಎಂಬ ಪುಸ್ತಕ ಬರೆದರು. ಕೊಂದು ತಿನ್ನುವ ಹುಲಿಯಿಂದ ಹಿಡಿದು, ಒಟ್ಟಾಗಿ ದುಡಿಯುವ ಜೇನು, ಮರಿಗೆ ಗುಟುಕು ಕೊಡುವ ತಾಯಿ ಹಕ್ಕಿಯವರೆಗೆ ಪ್ರಕೃತಿಯಲ್ಲಿರುವ ಬಾಳುವೆಯ ಬಗೆಗಳನ್ನು ವಿವರಿಸಿ, ಮನುಷ್ಯನ ಆರ್ಥಿಕತೆ ಯಾವುದನ್ನು ಹೋಲಬೇಕು ಎಂದು ಅದರಲ್ಲಿ ವಿಚಾರ ಮಾಡಿದರು. ಕಲ್ಲಿದ್ದಲು, ಪೆಟ್ರೋಲುಗಳು ತೆಗೆದಷ್ಟೂ ಬರಿದಾಗುವ ಸಂಗ್ರಹಗಳು. ಅವುಗಳ ಮೇಲೆ ನಿಂತ ಬದುಕು ಪೈಪೋಟಿಗೂ ಯುದ್ಧಕ್ಕೂ ದಾರಿ ಮಾಡುತ್ತದೆ ಎಂದು ಅಂದೇ ಎಚ್ಚರಿಸಿದರು.

ಎಲ್ಲರೂ ಅವರನ್ನು ಒಪ್ಪಲಿಲ್ಲ. 1938ರಲ್ಲಿ ನೆಹರೂ ಅಧ್ಯಕ್ಷತೆಯ ರಾಷ್ಟ್ರೀಯ ಯೋಜನಾ ಸಮಿತಿಗೆ ಸದಸ್ಯರಾಗಿ ಹೋದವರು, ದೊಡ್ಡ ಕೈಗಾರಿಕೆಗೇ ಅಲ್ಲಿ ಒಲವೆಂದು ಕಂಡು ಕೆಲವೇ ತಿಂಗಳಲ್ಲಿ ಹೊರಬಂದರು. ಸ್ವಾತಂತ್ರ್ಯದ ನಂತರ ಕಾಂಗ್ರೆಸ್ ಭೂಸುಧಾರಣಾ ಸಮಿತಿಯ ಅಧ್ಯಕ್ಷರಾಗಿ, ಉಳುವವನಿಗೆ ಭೂಮಿ ಸೇರಬೇಕು, ಮಧ್ಯವರ್ತಿಗಳು ಹೋಗಬೇಕು ಎಂದು 1949ರಲ್ಲಿ ವರದಿ ಕೊಟ್ಟರು. ತಮ್ಮದೇ ಒಡನಾಡಿಗಳು ಅಧಿಕಾರದಲ್ಲಿದ್ದರೂ ತಪ್ಪು ಕಂಡಲ್ಲಿ ಟೀಕಿಸಿದರು. ಯಾವ ಹುದ್ದೆಯನ್ನೂ ಬಯಸಲಿಲ್ಲ, ಮದುವೆಯಾಗಲಿಲ್ಲ, ಆಸ್ತಿ ಮಾಡಲಿಲ್ಲ. ಕೊನೆಯ ವರ್ಷಗಳನ್ನು ಮದುರೈ ಬಳಿಯ ಟಿ. ಕಲ್ಲುಪಟ್ಟಿಯ ಗಾಂಧಿ ನಿಕೇತನ ಆಶ್ರಮದಲ್ಲಿ ಕಳೆದರು. 1960ರ ಜನವರಿ 30ರಂದು ಮದ್ರಾಸಿನಲ್ಲಿ ನಿಧನರಾದರು. ಹನ್ನೆರಡು ವರ್ಷಗಳ ಹಿಂದೆ ಗಾಂಧೀಜಿ ತೀರಿಕೊಂಡದ್ದೂ ಅದೇ ದಿನ.

ಸ್ನೇಹಿತರೇ, ಕೈಗಾರಿಕೆಗಳಿಲ್ಲದೆ ಇಂದಿನ ಬದುಕು ಸಾಗದು ಎಂದು ನೀವು ವಾದಿಸಬಹುದು. ಆ ವಾದದಲ್ಲಿ ಹುರುಳಿದೆ. ಆದರೆ ಕುಮಾರಪ್ಪ ಕೇಳಿದ ಪ್ರಶ್ನೆ ಇನ್ನೂ ಹಾಗೆಯೇ ಉಳಿದಿದೆ. ನಮ್ಮಲ್ಲಿ ಕೆಲವರ ತಾಯಂದಿರು ಬೀಡಿ ಕಟ್ಟಿ, ಬಟ್ಟೆ ಹೊಲಿದು ನಮ್ಮ ಫೀಸು ಕಟ್ಟುತ್ತಿದ್ದಾರೆ. ಅವರ ಬೆನ್ನುನೋವು, ಅವರ ನಿದ್ದೆಗೆಟ್ಟ ರಾತ್ರಿಗಳು ಯಾವ ಕಂಪನಿಯ ಖರ್ಚಿನ ಪಟ್ಟಿಯಲ್ಲಿವೆ? ನಾಳೆ ನಮ್ಮಲ್ಲಿ ಯಾರಾದರೂ ಆಡಿಟರ್ ಆಗಿ ಒಂದು ಲೆಕ್ಕಕ್ಕೆ ಸಹಿ ಹಾಕುವ ಮೊದಲು, ಇದರಲ್ಲಿ ಬರೆಯದೆ ಬಿಟ್ಟದ್ದು ಯಾರ ನಷ್ಟ ಎಂದು ಒಂದು ಕ್ಷಣ ಯೋಚಿಸಿದರೆ, ಕುಮಾರಪ್ಪನವರನ್ನು ಓದಿದ್ದು ಸಾರ್ಥಕ.