ಗಣಿತಾಚಾರ್ಯ ಮಹಾವೀರರು

ಕಿಣ್ಣಿ ಸುಲ್ತಾನ ಮೊದಲಾದ ಆಳಂದ ಸೀಮೆಯ ಗ್ರಾಮಗಳನ್ನೊಳಗೊಂಡ ಕಲಬುರಗಿ ಜಿಲ್ಲೆಯಲ್ಲಿಯೇ, ಕಾಗಿಣಾ ನದಿಯ ದಡದ ಮಳಖೇಡವು ಒಂದು ಕಾಲಕ್ಕೆ ರಾಷ್ಟ್ರಕೂಟರ ರಾಜಧಾನಿ ಮಾನ್ಯಖೇಟವಾಗಿ ಮೆರೆದಿತ್ತು. ಕ್ರಿ.ಶ. 814ರಿಂದ 878ರವರೆಗೆ ಆಳಿದ ಅಮೋಘವರ್ಷ ನೃಪತುಂಗನ ಕಾಲದಲ್ಲಿ ಬಾಳಿದ ಜೈನ ವಿದ್ವಾಂಸರು ಮಹಾವೀರಾಚಾರ್ಯರು. ತಮ್ಮ ಗ್ರಂಥದಲ್ಲಿ ಅವರು ಅರಸನನ್ನು ಸ್ತುತಿಸಿದರೇ ಹೊರತು ತಮ್ಮ ಹುಟ್ಟೂರನ್ನಾಗಲಿ ತಂದೆತಾಯಿಗಳನ್ನಾಗಲಿ ಹೇಳಿಕೊಳ್ಳಲಿಲ್ಲ. ಅವರ ಬಾಳೆಂದರೆ ಅವರ ಕೃತಿಯೇ.

ಸುಮಾರು 850ರಲ್ಲಿ ಸಂಸ್ಕೃತದಲ್ಲಿ ರಚಿತವಾದ 'ಗಣಿತಸಾರಸಂಗ್ರಹ'ವು ಸಾವಿರದ ನೂರಕ್ಕೂ ಮಿಕ್ಕ ಶ್ಲೋಕಗಳುಳ್ಳ ಗ್ರಂಥ. ಜ್ಯೋತಿಷದ ಅಂಗವಾಗಿದ್ದ ಗಣಿತವನ್ನು ಆಚಾರ್ಯರು ಸ್ವತಂತ್ರ ಶಾಸ್ತ್ರವಾಗಿ ನಿಲ್ಲಿಸಿದರು. ಪಾಕ, ವೈದ್ಯ, ಸಂಗೀತ, ವಾಸ್ತು, ಛಂದಸ್ಸುಗಳೆಲ್ಲವೂ ಗಣಿತವನ್ನೇ ಆಶ್ರಯಿಸಿವೆಯೆಂಬುದು ಅವರ ದೃಢವಾದ ನಿಲುವಾಗಿತ್ತು. ಸೊನ್ನೆಯಿಂದ ಭಾಗಿಸಿದರೆ ಸಂಖ್ಯೆ ಬದಲಾಗದೆಂದು ಅವರು ಬರೆದುದು ತಪ್ಪೇ ಆದರೂ, ಋಣಸಂಖ್ಯೆಗೆ ವರ್ಗಮೂಲವಿಲ್ಲವೆಂದು ಅಂದೇ ಗುರುತಿಸಿದುದು ಅವರ ಸೂಕ್ಷ್ಮದೃಷ್ಟಿಗೆ ಸಾಕ್ಷಿ.

ಹಲವು ವಸ್ತುಗಳಲ್ಲಿ ಕೆಲವನ್ನು ಎಷ್ಟು ಬಗೆಯಲ್ಲಿ ಆರಿಸಬಹುದೆಂಬುದಕ್ಕೆ ಅವರು ಸಾಮಾನ್ಯ ಸೂತ್ರವನ್ನೇ ಕೊಟ್ಟರು. ಅವರ ಉದಾಹರಣೆ ಷಡ್ರಸಗಳದು. ಆರು ರುಚಿಗಳಲ್ಲಿ ಮೂರನ್ನು ಆರಿಸಲು ಆರು, ಐದು, ನಾಲ್ಕರ ಗುಣಲಬ್ಧವನ್ನು ಒಂದು, ಎರಡು, ಮೂರರ ಗುಣಲಬ್ಧದಿಂದ ಭಾಗಿಸಬೇಕು. 20 ಕೂಟಗಳು ದೊರೆಯುತ್ತವೆ.

ಸಂಭವನೀಯತೆಯ ಶಾಸ್ತ್ರವು ರೂಪುಗೊಂಡುದು ಬಹುಕಾಲದ ಮೇಲೆ, 1654ರಲ್ಲಿ, ಫ್ರಾನ್ಸಿನ ಪಾಸ್ಕಲ್ ಮತ್ತು ಫರ್ಮಾರ ಪತ್ರವ್ಯವಹಾರದಲ್ಲಿ. ಆದರೆ ಅದರ ಬುನಾದಿ ಇಂಥ ಎಣಿಕೆಯೇ. ಎಲ್ಲ ಕೂಟಗಳಿಗೂ ಸಮಾನ ಅವಕಾಶವಿರುವಂತೆ ಕಣ್ಣುಮುಚ್ಚಿ ಮೂರು ರುಚಿಗಳನ್ನು ಆರಿಸಿದರೆ, ಸಿಹಿ ಅಥವಾ ಉಪ್ಪು, ಒಂದಾದರೂ ಬರುವ ಸಂಭವವೆಷ್ಟು? ನೇರವಾಗಿ ಎಣಿಸುವುದು ದೀರ್ಘ. ಎರಡೂ ಇಲ್ಲದ ಕೂಟಗಳು ನಾಲ್ಕು ಮಾತ್ರ. ಅದರ ಸಂಭವ 20ರಲ್ಲಿ 4, ಅಂದರೆ 0.2. ಒಂದರಿಂದ ಅದನ್ನು ಕಳೆದರೆ 0.8. ಒಂದು ಘಟನೆಯೂ ಅದರ ಪೂರಕ ಘಟನೆಯೂ ಕೂಡಿ ಪೂರ್ಣವಾಗುವುದರಿಂದ, ಇಲ್ಲದ್ದನ್ನು ಎಣಿಸಿಯೇ ಇರುವುದನ್ನು ಅರಿಯಬಹುದು.

972ರಲ್ಲಿ ಪರಮಾರ ಸೀಯಕನು ಮಾನ್ಯಖೇಟವನ್ನು ಸೂರೆಗೊಂಡನು. ವೈಭವವು ಅಳಿಯಿತು, ಗ್ರಂಥವು ಉಳಿಯಿತು. ಹನ್ನೊಂದನೆಯ ಶತಮಾನದಲ್ಲಿ ಪಾವುಲೂರಿ ಮಲ್ಲನನು ಅದನ್ನು ತೆಲುಗಿಗೆ ತಂದನು, 1912ರಲ್ಲಿ ಎಂ. ರಂಗಾಚಾರ್ಯರು ಮದರಾಸಿನಲ್ಲಿ ಇಂಗ್ಲಿಷ್ ಅನುವಾದದೊಡನೆ ಪ್ರಕಟಿಸಿದರು. ಅರಸನ ಕೋಟೆಗೆ ಇಲ್ಲದ ಆಯುಷ್ಯವು ಗುರುವಿನ ಪಾಠಕ್ಕೆ ಉಂಟೆಂಬುದನ್ನು ಈ ಸೀಮೆಯ ಪ್ರತಿಯೊಂದು ಶಾಲೆಯೂ ನೆನೆಯತಕ್ಕದ್ದು.